ರ‍್ಯಾಮ್‌ನಿಂದ ಕೀ ತೆಗೆದು ಕೊಡಿ ಅಂತ ಕಸ್ಟಮರ್ ಕೇಳಿದ್ರೆ?

ಪ್ರಶ್ನೆ: ನಮಸ್ಕಾರ ಸರ್, ಹಂಪನಕಟ್ಟೆಯಲ್ಲಿ ನಂದು ಲ್ಯಾಪ್‌ಟಾಪ್ ರಿಪೇರಿ ಅಂಗಡಿ. ಇವತ್ತು ಒಬ್ರು ಲ್ಯಾಪ್‌ಟಾಪ್ ಆನ್ ಇದ್ದ ಹಾಗೇ ಹಿಡ್ಕೊಂಡು ಓಡಿ ಬಂದ್ರು, ಬ್ಯಾಟರಿ 11 ಪರ್ಸೆಂಟ್, ಬಂದವರೇ ಪ್ಲಗ್ ಎಲ್ಲಿ ಅಂತ ಕೇಳಿದ್ದು. ಅವರ ಅಣ್ಣಂದಂತೆ, ಅಣ್ಣ ದುಬೈಯಲ್ಲಿ. ಒಳಗೆ ವೆರಾಕ್ರಿಪ್ಟ್ (ಡೇಟಾಕ್ಕೆ ಪಾಸ್‌ವರ್ಡ್ ಬೀಗ ಹಾಕುವ ಸಾಫ್ಟ್‌ವೇರ್) ಡ್ರೈವ್ ಓಪನ್ ಉಂಟು, ಪಾಸ್‌ವರ್ಡ್ ಗೊತ್ತಿಲ್ಲ, ರ‍್ಯಾಮ್‌ನಿಂದ ಕೀ (ಆ ಬೀಗ ಬಿಚ್ಚುವ ಕೋಡ್) ತೆಗೀಲಿಕ್ಕೆ ಆಗ್ತದಲ್ಲ ಮಾಡಿಕೊಡಿ ಅಂತಾರೆ. ಎಇಎಸ್‌ಕೀಫೈಂಡ್ ಅಂತ ಕೀ ಹುಡುಕುವ ಟೂಲ್ ಉಂಟಲ್ಲ, ಅದು ಹಾಕ್ಬಹುದಾ?

ಉತ್ತರ: ಚಾರ್ಜರ್ ತೆಗೀಬೇಡಿ, ಸ್ಲೀಪ್‌ಗೂ ಹೋಗದ ಹಾಗೆ ಮಾಡಿ, ಆಫ್ ಆದ್ರೆ ಡ್ರೈವ್ ಲಾಕ್ ಆಗ್ತದೆ. ಟೂಲ್ ಸದ್ಯಕ್ಕೆ ಬೇಡ. ಮೊದ್ಲು ಅಣ್ಣನಿಗೆ ವಿಡಿಯೋ ಕಾಲ್ ಮಾಡ್ಸಿ, ಲ್ಯಾಪ್‌ಟಾಪ್ ಅವರದ್ದೇ ಹೌದಾ ಕೇಳಿ, ಒಪ್ಪಿಗೆ ಬರಹದಲ್ಲಿ ತಗೊಳ್ಳಿ. ಅವರು ಹೂಂ ಅಂದ್ರೆ ಕೀ ಯಾಕೆ ಮಾರಾಯ್ರೆ, ಡ್ರೈವ್ ಓಪನ್ ಉಂಟಲ್ಲ, ಫೈಲ್‌ಗಳನ್ನ ಅವರದ್ದೇ ಬೇರೆ ಹಾರ್ಡ್‌ಡಿಸ್ಕ್‌ಗೆ ಕಾಪಿ ಮಾಡಿದ್ರೆ ಕೆಲಸ ಮುಗೀತು.

ಪ್ರಶ್ನೆ: ಆ ಟೂಲ್ ನಿಜವಾಗ್ಲೂ ಕೆಲಸ ಮಾಡ್ತದಾ?

ಉತ್ತರ: ಮಾಡ್ತದೆ. 256 ಬಿಟ್‌ನ ಎಇಎಸ್ (ಡೇಟಾ ಗುಪ್ತ ಮಾಡುವ ಒಂದು ವಿಧಾನ) ಕೀ ಅಂದ್ರೆ 32 ಬೈಟ್, ಆದ್ರೆ ರ‍್ಯಾಮ್‌ನಲ್ಲಿ ಅದು 240 ಬೈಟ್ ಆಗಿ ಹರಡಿಕೊಂಡಿರ್ತದೆ, ಒಂದು ತುಂಡಿನಿಂದ ಮುಂದಿನ ತುಂಡು ಲೆಕ್ಕ ಹಾಕಿ ಬಂದದ್ದು, ಟೂಲ್ ಆ ಲೆಕ್ಕ ತಾಳೆ ಆಗುವ ಜಾಗ ಹುಡುಕ್ತದೆ ಅಷ್ಟೆ. 2008ರಲ್ಲಿ ಅಮೆರಿಕದ ಪ್ರಿನ್ಸ್‌ಟನ್ ಯೂನಿವರ್ಸಿಟಿಯವರು ರ‍್ಯಾಮ್ ಚಿಪ್ಪನ್ನ ಸ್ಪ್ರೇ ಹೊಡೆದು ಮೈನಸ್ 50 ಡಿಗ್ರಿಗೆ ತಣ್ಣಗೆ ಮಾಡಿ, ಕರೆಂಟ್ ತೆಗೆದು 10 ನಿಮಿಷ ಆದ್ಮೇಲೂ ಡೇಟಾ ಹೆಚ್ಚುಕಮ್ಮಿ ಹಾಗೇ ಉಳಿದದ್ದು ತೋರಿಸಿದ್ರು. ವೆರಾಕ್ರಿಪ್ಟ್ 1.24ರಿಂದ ರ‍್ಯಾಮ್‌ನಲ್ಲಿರುವ ಕೀಯನ್ನೇ ಎನ್‌ಕ್ರಿಪ್ಟ್ ಮಾಡುವ ಆಪ್ಷನ್ ಉಂಟು, ಅದು ಆನ್ ಇದ್ರೆ ಟೂಲಿಗೆ ಎಂತದೂ ಸಿಗುದಿಲ್ಲ.

ನನಗೆ ಹೆದರಿಕೆ ಇರುವುದು ಡಂಪ್ ಫೈಲ್ ಬಗ್ಗೆ, ಅಂದ್ರೆ ಟೂಲ್‌ಗೆ ಹುಡುಕ್ಲಿಕ್ಕೆ ಅಂತ ರ‍್ಯಾಮ್‌ನಲ್ಲಿರುವುದನ್ನೆಲ್ಲ ಕಾಪಿ ಮಾಡಿಡುವ ಫೈಲ್. 16 ಜಿಬಿ ರ‍್ಯಾಮ್ ಅಂದ್ರೆ 16 ಜಿಬಿ ಫೈಲ್, ಅದ್ರಲ್ಲಿ ಕೀ ಮಾತ್ರ ಅಲ್ಲ, ತೆರೆದಿದ್ದ ಚ್ಯಾಟು, ಮೇಲು, ಟೈಪ್ ಮಾಡಿದ ಪಾಸ್‌ವರ್ಡು ಏನೂ ಇರ್ಬಹುದು. ಅದು ಅಂಗಡಿ ಪೆನ್‌ಡ್ರೈವ್‌ನಲ್ಲಿ ಉಳಿದು, ನಾಳೆ ಅದೇ ಪೆನ್‌ಡ್ರೈವ್ ಇನ್ನೊಬ್ರ ಲ್ಯಾಪ್‌ಟಾಪಿಗೆ ಹಾಕಿದ್ರೆ? ಓನರ್ ಒಪ್ಪಿಗೆ ಇಲ್ಲದೆ ಡೇಟಾ ತೆಗೆದ್ರೆ ಐಟಿ ಕಾಯ್ದೆ 2000ದ 43, 66ನೇ ಸೆಕ್ಷನ್ ಬರ್ತದೆ, 3 ವರ್ಷದವರೆಗೆ ಜೈಲು, 5 ಲಕ್ಷದವರೆಗೆ ದಂಡ.

ಪ್ರಶ್ನೆ: ಸರ್, ಅಣ್ಣನಿಗೆ ಕಾಲ್ ಮಾಡುವ ಅಂದ್ರೆ ಬೇಡ ಬೇಡ ಅಂತಾರೆ. ಡಬಲ್ ಚಾರ್ಜ್ ಕೊಡ್ತಾರಂತೆ.

ಉತ್ತರ: ಹಾಗಾದ್ರೆ ಮುಟ್ಬೇಡಿ. ಜಾಬ್ ಬುಕ್ಕಿನಲ್ಲಿ ಕೆಲಸ ಮಾಡಿಲ್ಲ ಅಂತ ಬರೆದು ಸೈನ್ ಹಾಕ್ಸಿ ವಾಪಸ್ ಕೊಡಿ. ಸಿಟ್ಟಲ್ಲಿ ಆಫ್ ಮಾತ್ರ ಮಾಡ್ಬೇಡಿ, ಅಣ್ಣನಿಗೂ ಪಾಸ್‌ವರ್ಡ್ ನೆನಪಿಲ್ಲದಿದ್ರೆ ಅಲ್ಲಿಗೆ ಅವರ ಡೇಟಾ ಹೋಯ್ತು. ಚಾರ್ಜ್ ಫುಲ್ ಆಗ್ಲಿ, ಆನ್ ಇದ್ದ ಹಾಗೇ ಕೊಟ್ಟು ಕಳಿಸಿ.