ಆರ್-ಚಾಪ್‌ನ ‘ಎಚ್’ ಅಂದರೆ ಯಾವ ಔಷಧಿ? ಅಡ್ರಿಯಾಮೈಸಿನ್, ಡಾಕ್ಸೋರುಬಿಸಿನ್ ಗೊಂದಲ

ಪ್ರಶ್ನೆ (ದಾವಣಗೆರೆಯ ಸದಸ್ಯೆ):

ನಮಸ್ಕಾರ. ಈ ಗುಂಪಿನಲ್ಲಿ ಕೀಮೋ ಔಷಧಿ ತಯಾರು ಮಾಡುವ ಫಾರ್ಮಸಿಸ್ಟ್ ಇದ್ದೀರಿ ಅಂತ ಗೊತ್ತಾಗಿ ಕೇಳ್ತಿದ್ದೇನೆ. ನಮ್ಮ ಅಪ್ಪನಿಗೆ 61 ವರ್ಷ. ಕುತ್ತಿಗೆ ಗಂಟಿನ ಬಯಾಪ್ಸಿಯಲ್ಲಿ ಲಿಂಫೋಮಾ (ದುಗ್ಧಗ್ರಂಥಿಯ ಕ್ಯಾನ್ಸರ್) ಅಂತ ಬಂತು. ‘ಆರ್-ಚಾಪ್’ ಅನ್ನೋ ಕೀಮೋ ಆರು ಸೈಕಲ್ ಅಂದಿದ್ದಾರೆ, ಮೊದಲನೆಯದು ಮುಗಿಸಿಕೊಂಡು ಬಂದಿದ್ದೇವೆ. ಮನೆಗೆ ಬಂದು ಕಾಗದ ಜೋಡಿಸುವಾಗ ತಲೆ ಕೆಟ್ಟು ಹೋಯಿತು. ಡಿಸ್ಚಾರ್ಜ್ ಸಮ್ಮರಿಯಲ್ಲಿ ‘ಹೈಡ್ರಾಕ್ಸಿಡಾನೋರುಬಿಸಿನ್’ ಅಂತಿದೆ. ಕೀಮೋ ಚಾರ್ಟ್‌ನ ಝೆರಾಕ್ಸ್‌ನಲ್ಲಿ ‘ಅಡ್ರಿಯಾಮೈಸಿನ್ 85 ಎಂ.ಜಿ.’ ಅಂತಿದೆ. ಫಾರ್ಮಸಿ ಬಿಲ್‌ನಲ್ಲಿ ‘ಡಾಕ್ಸೋರುಬಿಸಿನ್ 50 ಎಂ.ಜಿ. ಒಂದು, 10 ಎಂ.ಜಿ. ನಾಲ್ಕು’. ಮೂರು ಬೇರೆ ಬೇರೆ ಔಷಧಿ ಹಾಕಿದ್ದಾರಾ? ಒಂದೇ ಆಗಿದ್ದರೆ 85ಕ್ಕೆ 90ರ ಬಿಲ್ ಯಾಕೆ? ಇದರ ಮೇಲೆ ನನ್ನ ತಮ್ಮ ‘ಅಡ್ರಿಯಾಮೈಸಿನ್ ಅಂದ್ರೆ ಆಂಟಿಬಯಾಟಿಕ್ ಕಣಕ್ಕಾ’ ಅಂತಾನೆ. ಅಪ್ಪನಿಗೆ ಇನ್ಫೆಕ್ಷನ್ ಇರೋದನ್ನ ನಮಗೆ ಹೇಳಿಲ್ಲವಾ? ಡಾಕ್ಟರ್ ಹತ್ತಿರ ಕೇಳೋಕೆ ಹೋದರೆ ಓಪಿಡಿಯಲ್ಲಿ ಎರಡು ನಿಮಿಷ ಸಿಗೋದೂ ಕಷ್ಟ.

ಉತ್ತರ (ಆಂಕಾಲಜಿ ಫಾರ್ಮಸಿಸ್ಟ್, ಬೆಂಗಳೂರು):

ಮೇಡಂ, ಗಾಬರಿ ಬೇಡ. ಮೂರೂ ಒಂದೇ ಔಷಧಿ. ಅಪ್ಪನಿಗೆ ಹೋಗಿರುವುದು 85 ಎಂ.ಜಿ. ಡಾಕ್ಸೋರುಬಿಸಿನ್, ಒಂದೇ ಸಲ.

ಡಾಕ್ಸೋರುಬಿಸಿನ್ ಅನ್ನುವುದು ಔಷಧಿಯ ಅಧಿಕೃತ ಹೆಸರು. ಅಡ್ರಿಯಾಮೈಸಿನ್ ಅದರ ಹಳೆಯ ಹೆಸರು, ಬ್ರ್ಯಾಂಡ್ ಹೆಸರೂ ಹೌದು. ಹೈಡ್ರಾಕ್ಸಿಡಾನೋರುಬಿಸಿನ್ ಅನ್ನುವುದು ರಸಾಯನಶಾಸ್ತ್ರದವರ ಹೆಸರು: ಡಾನೋರುಬಿಸಿನ್ ಎಂಬ ಅಣ್ಣನಿಗೆ ಒಂದು ಹೈಡ್ರಾಕ್ಸಿ ಗುಂಪು ಸೇರಿದರೆ ಈ ತಮ್ಮ. ಚಾಪ್ ಅನ್ನುವುದರಲ್ಲಿ ಸಿ ಸೈಕ್ಲೋಫಾಸ್ಫಮೈಡ್, ಎಚ್ ಈ ಹೈಡ್ರಾಕ್ಸಿಡಾನೋರುಬಿಸಿನ್, ಓ ಆಂಕೋವಿನ್, ಪಿ ಪ್ರೆಡ್ನಿಸೋಲೋನ್ ಮಾತ್ರೆ. ಮುಂದಿನ ಆರ್ ರಿಟುಕ್ಸಿಮ್ಯಾಬ್. ಆಂಕೋವಿನ್ ಕೂಡ ವಿನ್‌ಕ್ರಿಸ್ಟೀನ್‌ನ ಹಳೆಯ ಬ್ರ್ಯಾಂಡ್ ಹೆಸರು. ಅಂದರೆ ಈ ನಾಲ್ಕಕ್ಷರದಲ್ಲಿ ಒಂದು ಕೆಮಿಸ್ಟ್ರಿ ಹೆಸರು, ಒಂದು ಕಂಪನಿ ಹೆಸರು, ಎರಡು ಸರಿಯಾದ ಹೆಸರು. ಬಾಯಿಗೆ ಸುಲಭವಾಗಲಿ ಅಂತ ಕಟ್ಟಿದ ಪದ, ರೋಗಿಯ ಮನೆಯವರು ಓದುತ್ತಾರೆ ಅಂತ ಯಾರೂ ಯೋಚಿಸಿದ ಹಾಗಿಲ್ಲ. ಕೆಲವು ಸಮ್ಮರಿಗಳಲ್ಲಿ ‘ಹೈಡ್ರಾಕ್ಸಿಡಾಕ್ಸೋರುಬಿಸಿನ್’ ಅಂತಲೂ ಟೈಪ್ ಮಾಡಿರುತ್ತಾರೆ. ಚಾಪ್‌ನಲ್ಲಿ ಆ ಹೆಸರಿನ ಔಷಧಿಯೇ ಇಲ್ಲ. ಕಂಡರೆ ಡಾಕ್ಸೋರುಬಿಸಿನ್ ಅಂತ ತಿದ್ದಿಸಿಕೊಳ್ಳಿ.

ಇನ್ನು 85, 90ರ ಲೆಕ್ಕ. ಚಾಪ್‌ನಲ್ಲಿ ಇದರ ಡೋಸ್ ದೇಹದ ಮೇಲ್ಮೈಯ ಒಂದು ಚದರ ಮೀಟರ್‌ಗೆ 50 ಎಂ.ಜಿ. ಎತ್ತರ, ತೂಕ ಹಾಕಿ ಮೇಲ್ಮೈ ಲೆಕ್ಕ ಮಾಡುತ್ತಾರೆ. 165 ಸೆಂ.ಮೀ. ಎತ್ತರ, 63 ಕೆ.ಜಿ. ತೂಕದವರಿಗೆ ಅದು 1.7 ಬರುತ್ತದೆ, ಗುಣಿಸಿದರೆ 85. ನಿಮ್ಮ ಅಪ್ಪ ಹೆಚ್ಚುಕಡಿಮೆ ಅದೇ ಮೈಕಟ್ಟಿನವರಿರಬೇಕು. ಬಿಲ್‌ನಲ್ಲಿರುವುದು 10 ಮತ್ತು 50ರ ವಯಲ್ (ಔಷಧಿಯ ಪುಟ್ಟ ಸೀಸೆ). 85ಕ್ಕೆ ಹತ್ತಿರ ಹೋಗಬೇಕೆಂದರೆ 50 ಒಂದು, 10 ನಾಲ್ಕು, ಒಟ್ಟು 90. ಉಳಿದ 5 ಎಂ.ಜಿ. ಕೀಮೋ ತ್ಯಾಜ್ಯದ ಡಬ್ಬಿಗೆ ಹೋಗುತ್ತದೆ, ಮೂರು ವಾರ ಆದ ಮೇಲೆ ಮುಂದಿನ ಸೈಕಲ್‌ನಲ್ಲಿ ಅಪ್ಪನಿಗೇ ಹಾಕೋಣ ಅಂತ ಇಡುವ ಹಾಗಿಲ್ಲ. ನಿಮಗೆ ಎರಡು 50 ಕೊಟ್ಟು ಹದಿನೈದು ಎಂ.ಜಿ. ಚೆಲ್ಲದೆ ಚಿಕ್ಕ ವಯಲ್ ಜೋಡಿಸಿ ಕೊಟ್ಟಿದ್ದಾರೆ, ಅಲ್ಲಿನ ಫಾರ್ಮಸಿಯವರು ಯೋಚನೆ ಮಾಡಿಯೇ ಮಾಡಿದ್ದಾರೆ.

ತಮ್ಮನ ಮಾತು ಅರ್ಧ ಸರಿ. ಹೆಸರಿನ ಕೊನೆಗೆ ‘ಮೈಸಿನ್’ ಅಂತ ಇದ್ದರೆ ಅದು ಸ್ಟ್ರೆಪ್ಟೋಮೈಸಿಸ್ ಜಾತಿಯ ಮಣ್ಣಿನ ಬ್ಯಾಕ್ಟೀರಿಯಾದಿಂದ ಬಂದ ವಸ್ತು ಅಂತ ಸೂಚನೆ. ಟಿಬಿಗೆ ಕೊಡುವ ಸ್ಟ್ರೆಪ್ಟೋಮೈಸಿನ್, ಗಂಟಲು ನೋವಿಗೆ ಕೊಡುವ ಎರಿಥ್ರೋಮೈಸಿನ್, ಕ್ಯಾನ್ಸರ್‌ಗೆ ಕೊಡುವ ಬ್ಲಿಯೋಮೈಸಿನ್, ಮೈಟೋಮೈಸಿನ್ ಎಲ್ಲ ಆ ಕಡೆಯವೇ. ಪುಸ್ತಕಗಳಲ್ಲಿ ಡಾಕ್ಸೋರುಬಿಸಿನ್ನನ್ನೂ ‘ಗಡ್ಡೆ ನಿರೋಧಕ ಆಂಟಿಬಯಾಟಿಕ್’ ಅಂತ ವರ್ಗ ಮಾಡಿರುತ್ತಾರೆ. ಆದರೆ ಇದನ್ನು ಸೋಂಕಿಗೆ ಯಾರೂ ಕೊಡುವುದಿಲ್ಲ. ಇದು ಜೀವಕೋಶದ ಡಿಎನ್‌ಎ ಎಳೆಗಳ ನಡುವೆ ತೂರಿಕೊಂಡು ಕೋಶ ಇಬ್ಭಾಗವಾಗುವುದನ್ನೇ ತಡೆಯುತ್ತದೆ. ಕ್ಯಾನ್ಸರ್ ಕೋಶದ ಜೊತೆಗೆ ಕೂದಲ ಬುಡ, ಬಾಯಿ ಒಳಗಿನ ಪದರ, ಮೂಳೆ ಮಜ್ಜೆಗೂ ಪೆಟ್ಟು ಬೀಳುತ್ತದೆ. ಸೋಂಕು ಗುಣ ಮಾಡುವ ಬದಲು ಬಿಳಿ ರಕ್ತಕಣ ಇಳಿಸಿ ಸೋಂಕಿಗೆ ದಾರಿ ಮಾಡಿಕೊಡುವ ಔಷಧಿ ಇದು. ಹಾಗಾಗಿ ಕೀಮೋ ಆದ ಹತ್ತರಿಂದ ಹದಿನಾಲ್ಕನೇ ದಿನದ ಆಸುಪಾಸು ಮೈ ಮೇಲೆ ಎಚ್ಚರ ಇರಲಿ. ಜ್ವರ 100.4 ಡಿಗ್ರಿ ಫ್ಯಾರನ್‌ಹೀಟ್ ದಾಟಿದರೆ ಡೋಲೋ ನುಂಗಿಸಿ ಬೆಳಗಿನವರೆಗೆ ಕಾಯಬೇಡಿ, ರಾತ್ರಿಯಾದರೂ ಆಸ್ಪತ್ರೆಗೆ ಫೋನ್ ಮಾಡಿ ಹೊರಡಿ.

ಹೆಸರು ಎಲ್ಲಿಂದ ಬಂತು ಅನ್ನುವುದು ನನಗೆ ಇಷ್ಟದ ವಿಷಯ, ಬೇಡದವರು ಈ ಪ್ಯಾರಾ ಬಿಟ್ಟು ಮುಂದೆ ಹೋಗಿ. ಇಟಲಿಯ ಪೂರ್ವ ಕರಾವಳಿಯ ಪುಲಿಯಾ ಪ್ರಾಂತ್ಯದಲ್ಲಿ ಕಾಸ್ಟೆಲ್ ದೆಲ್ ಮೊಂಟೆ ಅಂತ 13ನೇ ಶತಮಾನದ ಎಂಟು ಮೂಲೆಯ ಕೋಟೆ ಇದೆ. 1950ರ ದಶಕದಲ್ಲಿ ಫಾರ್ಮಿಟಾಲಿಯಾ ಕಂಪನಿಯವರು ಅದರ ಸುತ್ತಲಿನ ಮಣ್ಣು ತಂದು ಬ್ಯಾಕ್ಟೀರಿಯಾ ಬೆಳೆಸಿದಾಗ ಗಾಢ ಕೆಂಪು ಬಣ್ಣ ಕೊಡುವ ಒಂದು ತಳಿ ಸಿಕ್ಕಿತು. ಆ ನೆಲದಲ್ಲಿ ರೋಮನ್ನರಿಗಿಂತ ಮುಂಚೆ ಇದ್ದ ಡೌನಿ ಬುಡಕಟ್ಟಿನ ಹೆಸರು ಹಿಡಿದು ಇಟಲಿಯವರು ‘ಡಾನೋಮೈಸಿನ್’ ಅಂದರು. ಅದೇ ಹೊತ್ತಿಗೆ ಫ್ರಾನ್ಸಿನವರಿಗೂ ಅದೇ ವಸ್ತು ಸಿಕ್ಕಿತ್ತು, ಅವರು ಬಣ್ಣ ನೋಡಿ ‘ರುಬಿಡೋಮೈಸಿನ್’ ಅಂತ ಕರೆದಿದ್ದರು. ಕೊನೆಗೆ ಇಬ್ಬರದೂ ಅರ್ಧರ್ಧ ಸೇರಿ ಡಾನೋರುಬಿಸಿನ್ ಆಯಿತು. ‘ರುಬಿ’ ಅಂದರೆ ಮಾಣಿಕ್ಯದ ಕೆಂಪು. ಆಮೇಲೆ ಆ ತಳಿಯನ್ನೇ ಮಾರ್ಪಾಡು ಮಾಡಿ ಇನ್ನೊಂದು ವಸ್ತು ಪಡೆದರು. ಅದಕ್ಕೆ ಪಕ್ಕದ ಏಡ್ರಿಯಾಟಿಕ್ ಸಮುದ್ರದ ಹೆಸರಿಟ್ಟು ಅಡ್ರಿಯಾಮೈಸಿನ್ ಅಂದರು. ನಾಮಕರಣದ ನಿಯಮಕ್ಕೆ ಹೊಂದಲಿ ಅಂತ ಅದು ಡಾಕ್ಸೋರುಬಿಸಿನ್ ಆಯಿತು, 1974ರಲ್ಲಿ ಅಮೆರಿಕದಲ್ಲಿ ಅನುಮತಿಯೂ ಸಿಕ್ಕಿತು. ಆದರೆ ಡಾಕ್ಟರುಗಳ ನಾಲಿಗೆಯಿಂದ ಹಳೆ ಹೆಸರು ಹೋಗಲೇ ಇಲ್ಲ. ಸ್ತನ ಕ್ಯಾನ್ಸರಿನ ‘ಎಸಿ’, ಹಾಡ್ಜ್‌ಕಿನ್ ಲಿಂಫೋಮಾದ ‘ಎಬಿವಿಡಿ’ ಎಂಬ ಕೀಮೋ ಜೋಡಣೆಗಳು, ಎರಡರಲ್ಲೂ ಎ ಅಂದರೆ ಇದೇ ಅಡ್ರಿಯಾಮೈಸಿನ್. ಒಂದು ಕಡೆ ಎ, ನಿಮ್ಮ ಕಡೆ ಎಚ್.

ಗದಗಿನ ಸದಸ್ಯರು:

ಸರ, ನಮ್ಮ ಕಾಕಾಗೂ ಇದ ಕೀಮೋ ನಡದೈತ್ರಿ. ಹಾಕಿದ ದಿನ ಸಂಜೀಕ ಮೂತ್ರ ಕೆಂಪಗ ಬಂತು, ಮನ್ಯಾಗ ಎಲ್ಲಾರೂ ರಕ್ತ ಹೊಂಟೈತಿ ಅಂತ ಅಳಾಕ ಹತ್ತಿದ್ರು. ಮರುದಿನ ತಾನ ಕಡಿಮಿ ಆತು. ಇದು ಔಷಧದ ಬಣ್ಣ ಏನ್ರಿ?

ಉತ್ತರ (ಫಾರ್ಮಸಿಸ್ಟ್):

ಹೌದು ಅಣ್ಣಾ, ಅದೇ ಮಾಣಿಕ್ಯದ ಬಣ್ಣ. ಒಂದೆರಡು ದಿನ ಕಿತ್ತಳೆ ಕೆಂಪಾಗಿ ಬರುವುದು ಮಾಮೂಲು. ಎರಡು ದಿನ ದಾಟಿಯೂ ಕೆಂಪು ಹೋಗದಿದ್ದರೆ, ಉರಿ ಅಥವಾ ಗಡ್ಡೆಗಡ್ಡೆ ರಕ್ತ ಕಂಡರೆ ಬಣ್ಣ ಅಂತ ಸುಮ್ಮನಿರಬೇಡಿ. ಚಾಪ್‌ನ ಸೈಕ್ಲೋಫಾಸ್ಫಮೈಡ್ ಮೂತ್ರಕೋಶದ ಒಳಪದರ ಕೆರಳಿಸಿ ನಿಜವಾದ ರಕ್ತ ಬರಿಸಬಹುದು. ನೀರು ಚೆನ್ನಾಗಿ ಕುಡಿಸಿ ಅಂತ ನರ್ಸ್‌ಗಳು ಹೇಳುವುದು ಅದಕ್ಕೇ. ಹೃದಯ, ಕಿಡ್ನಿ ತೊಂದರೆ ಇದ್ದವರು ಮಾತ್ರ ಎಷ್ಟು ಕುಡಿಯಬೇಕು ಅಂತ ಡಾಕ್ಟರನ್ನು ಕೇಳಿಕೊಳ್ಳಲಿ.

ಮಂಗಳೂರಿನ ಸದಸ್ಯೆ (ಡೇ ಕೇರ್ ನರ್ಸ್):

ನಾನೂ ಒಂದು ಮಾತು ಸೇರಿಸ್ತೇನೆ. ಈ ಕೆಂಪು ಸಿರಿಂಜ್ ಹಿಡಿದು ಬಂದಾಗ ನಾವು ಪಕ್ಕದಲ್ಲೇ ನಿಂತು ನಿಧಾನ ತಳ್ಳುವುದನ್ನು ನೋಡಿರ್ತೀರಿ. ಸಲೈನ್ ಓಡ್ತಾ ಇರುವಾಗಲೇ ಬದಿಯ ಪೋರ್ಟಿನಿಂದ ಸ್ವಲ್ಪ ಸ್ವಲ್ಪ ಬಿಟ್ಟು, ನಡುನಡುವೆ ಪಿಸ್ಟನ್ ಹಿಂದಕ್ಕೆ ಎಳೆದು ರಕ್ತ ಬರುತ್ತದಾ ಅಂತ ನೋಡ್ತೇವೆ. ಸೂಜಿ ರಕ್ತನಾಳದಿಂದ ಜಾರಿ ಔಷಧಿ ಹೊರಗಿನ ಮಾಂಸಕ್ಕೆ ಇಳಿದರೆ ಚರ್ಮ ಕೊಳೆಯುವ ಮಟ್ಟಕ್ಕೆ ಹೋಗ್ತದೆ. ಕೈಯಲ್ಲಿ ಒಂಚೂರು ಉರಿ, ಚುಚ್ಚಿದ ಹಾಗೆ, ಊದಿದ ಹಾಗೆ ಅನಿಸಿದರೆ ಆಗಲೇ ಕೂಗಿ ಹೇಳಿ. ‘ಸಿಸ್ಟರಿಗೆ ತೊಂದರೆ ಯಾಕೆ, ಮುಗಿಯಲಿ’ ಅಂತ ಹಲ್ಲು ಕಚ್ಚಿ ಕೂರುವ ಅಜ್ಜಂದಿರು ತುಂಬ ಜನ. ಮನೆಯವರೇ ಪಕ್ಕದಲ್ಲಿ ಕೂತು ಕೇಳ್ತಾ ಇರಿ. ಮನೆಗೆ ಬಂದ ಮೇಲೆ ಆ ಜಾಗ ಕೆಂಪಾದರೂ ಫೋನ್ ಮಾಡಿ, ನೀವಾಗಿಯೇ ಬಿಸಿ ಶಾಖ ಕೊಡಬೇಡಿ. ಡಾಕ್ಸೋರುಬಿಸಿನ್ ಸೋರಿದರೆ ತಣ್ಣಗಿನದು, ವಿನ್‌ಕ್ರಿಸ್ಟೀನ್ ಸೋರಿದರೆ ಬಿಸಿಯದು, ತಿರುಗಾ ಮುರುಗಾ ಆದರೆ ಹಾಳಾಗ್ತದೆ.

ತುಮಕೂರಿನ ಸದಸ್ಯರು:

ವಿನ್‌ಕ್ರಿಸ್ಟೀನ್ ನಮ್ಮ ನಿತ್ಯಪುಷ್ಪದಿಂದ ಮಾಡ್ತಾರಂತೆ, ಹಿತ್ತಿಲಲ್ಲೇ ರಾಶಿ ಬಿದ್ದಿದೆ. ಅದರ ಎಲೆ ಕಷಾಯ ಕೊಟ್ಟರೆ ಸೈಕಲ್ ಕಡಿಮೆ ಮಾಡಬಹುದಾ? ವಾಟ್ಸಾಪ್‌ನಲ್ಲಿ ವಿಡಿಯೋ ಬಂದಿದೆ.

ಉತ್ತರ (ಫಾರ್ಮಸಿಸ್ಟ್):

ದಯವಿಟ್ಟು ಬೇಡ. ಮೂಲ ಗಿಡ ಅದೇ, ಕಾಶಿಕಣಗಿಲೆ ಅಂತಲೂ ಕರೀತೀವಲ್ಲ, ಅದು. ಹುಟ್ಟೂರು ಮಡಗಾಸ್ಕರ್. ಅದರ ಹಳೆ ಸಸ್ಯನಾಮ ವಿಂಕಾ, ಅದಕ್ಕೇ ಈ ಕುಟುಂಬದ ಔಷಧಿಗಳೆಲ್ಲ ‘ವಿನ್’ ಅಂತ ಶುರುವಾಗುತ್ತವೆ. ಜಮೈಕಾದಲ್ಲಿ ಸಕ್ಕರೆ ಕಾಯಿಲೆಗೆ ಈ ಎಲೆಯ ಚಹಾ ಕುಡಿಯುತ್ತಿದ್ದರು. 1950ರ ದಶಕದಲ್ಲಿ ಕೆನಡಾದ ರಾಬರ್ಟ್ ನೋಬಲ್ ಅದನ್ನು ಪರೀಕ್ಷಿಸಿದಾಗ ಸಕ್ಕರೆ ಇಳಿಯಲಿಲ್ಲ, ಇಲಿಗಳ ಬಿಳಿ ರಕ್ತಕಣ ಇಳಿದು ಸೋಂಕಿನಿಂದ ಸತ್ತವು. ಅವರು ಮತ್ತು ಚಾರ್ಲ್ಸ್ ಬಿಯರ್ ಅದರಿಂದ ವಿನ್‌ಬ್ಲಾಸ್ಟೀನ್ ಬೇರ್ಪಡಿಸಿದರು, ವಿನ್‌ಕ್ರಿಸ್ಟೀನ್ ಅದರ ಹಿಂದೆಯೇ ಬಂತು. ಒಂದು ಗ್ರಾಂ ತೆಗೆಯಲು ಕ್ವಿಂಟಾಲ್‌ಗಟ್ಟಲೆ ಒಣ ಎಲೆ ಬೇಕು, ಆದರೆ ಎಲೆಯಲ್ಲಿ ಬೇರೆ ಹತ್ತಾರು ಆಲ್ಕಲಾಯ್ಡ್ (ಗಿಡದ ಚುರುಕು ರಾಸಾಯನಿಕ) ಇವೆ. ಕಷಾಯದಲ್ಲಿ ಎಷ್ಟು ಏನು ಇಳಿಯಿತು ಅಂತ ಅಳೆಯುವವರಿಲ್ಲ. ವಿನ್‌ಕ್ರಿಸ್ಟೀನ್‌ನ ಡೋಸ್ ಚಾಪ್‌ನಲ್ಲಿ ಎಷ್ಟು ದೊಡ್ಡ ಆಳಾದರೂ ಸಾಮಾನ್ಯವಾಗಿ 2 ಎಂ.ಜಿ.ಗೆ ನಿಲ್ಲಿಸುತ್ತೇವೆ, ಅದಕ್ಕಿಂತ ಮೇಲೆ ಹೋದರೆ ನರಗಳಿಗೆ ಪೆಟ್ಟು ಅಂತ. ಅಷ್ಟಕ್ಕೇ ಬೆರಳ ತುದಿ ಜೋಮು ಹಿಡಿದು ಅಂಗಿ ಗುಂಡಿ ಹಾಕಲಾಗದೆ ಒದ್ದಾಡುವವರಿದ್ದಾರೆ, ಮಲಬದ್ಧತೆಯಂತೂ ತುಂಬ ಜನಕ್ಕೆ. ಅದರ ಮೇಲೆ ಕಷಾಯ ಸುರಿಯಬೇಡಿ. ವಿಡಿಯೋ ಕಳಿಸಿದವರಿಗೂ ಇದನ್ನು ಫಾರ್ವರ್ಡ್ ಮಾಡಿ.

ಮೈಸೂರಿನ ಸದಸ್ಯೆ:

ಸರ್, ನನ್ನ ಅಕ್ಕನಿಗೆ ಅಂಡಾಶಯದ ಕ್ಯಾನ್ಸರ್. ಡಬ್ಬಿ ಮೇಲೆ ‘ಲೈಪೋಸೋಮಲ್ ಡಾಕ್ಸೋರುಬಿಸಿನ್’ ಅಂತಿದೆ, ರೇಟು ನೋಡಿದರೆ ಎದೆ ಝಲ್ ಅನ್ನುತ್ತೆ. ಅಂಗಡಿಯವರು ಸಾದಾ ಡಾಕ್ಸೋರುಬಿಸಿನ್ ಅದರಲ್ಲಿ ಒಂದು ಪಾಲು ಬೆಲೆಗೆ ಸಿಗುತ್ತೆ ಅಂದರು. ಅದನ್ನೇ ತಂದುಕೊಟ್ಟರೆ ನಡೆಯುತ್ತಾ?

ಉತ್ತರ (ಫಾರ್ಮಸಿಸ್ಟ್):

ನಡೆಯುವುದಿಲ್ಲ ಅಕ್ಕಾ. ಹೆಸರಿನ ಹಿಂದಿನ ಆ ಒಂದು ಪದ ತುಂಬ ಮುಖ್ಯ. ಅದರಲ್ಲಿ ಔಷಧಿಯನ್ನು ಕೊಬ್ಬಿನ ಸಣ್ಣ ಗುಳ್ಳೆಗಳೊಳಗೆ ತುಂಬಿರುತ್ತಾರೆ, ರಕ್ತದಲ್ಲಿ ತುಂಬ ಹೊತ್ತು ಉಳಿಯುತ್ತದೆ. ಡೋಸ್ ಬೇರೆ, ಹಾಕುವ ರೀತಿ ಬೇರೆ, ತೊಂದರೆಯೂ ಬೇರೆ: ಕೂದಲು ಅಷ್ಟಾಗಿ ಉದುರುವುದಿಲ್ಲ, ಅಂಗೈ ಅಂಗಾಲು ಕೆಂಪಾಗಿ ಸಿಪ್ಪೆ ಏಳುತ್ತದೆ. ಒಂದರ ಎಂ.ಜಿ. ಲೆಕ್ಕದಲ್ಲಿ ಇನ್ನೊಂದನ್ನು ಹಾಕಿದರೆ ಪ್ರಾಣಕ್ಕೇ ಅಪಾಯ. ಬೆಲೆಯ ಕಷ್ಟ ಇದ್ದರೆ ಬೇರೆ ಕಂಪನಿಯ ಲೈಪೋಸೋಮಲ್ ಬ್ರ್ಯಾಂಡ್ ಆಗುತ್ತದಾ ಅಂತ ಡಾಕ್ಟರನ್ನೇ ಕೇಳಿ, ಅದರಲ್ಲಿ ನಾಚಿಕೆ ಏನಿಲ್ಲ. ಭಾರತದ ಬ್ರ್ಯಾಂಡ್ ಅಂತ ಕೀಳಾಗಿ ನೋಡಬೇಕಿಲ್ಲ. 2012ರಲ್ಲಿ ಅಮೆರಿಕದಲ್ಲಿ ಈ ಔಷಧಿಗೆ ಅಭಾವ ಬಂದಾಗ ಅಲ್ಲಿನ ಸರ್ಕಾರವೇ ನಮ್ಮ ದೇಶದ ಲಿಪೋಡಾಕ್ಸ್ ತರಿಸಿಕೊಳ್ಳಲು ಬಿಟ್ಟಿತ್ತು.

ಪ್ರಶ್ನೆ (ದಾವಣಗೆರೆಯ ಸದಸ್ಯೆ):

ಎಲ್ಲರಿಗೂ ತುಂಬಾ ಥ್ಯಾಂಕ್ಸ್. ತಮ್ಮನಿಗೆ ಓದಿಸಿದೆ, ಈಗ ಸುಮ್ಮನಾಗಿದ್ದಾನೆ. ಕೊನೇದೊಂದು. ಎರಡನೇ ಸೈಕಲ್‌ನಿಂದ ಊರ ಹತ್ತಿರದ ಆಸ್ಪತ್ರೆಗೆ ಬದಲಾಯಿಸೋಣ ಅಂತಿದ್ದೇವೆ. ಅವರಿಗೆ ಡಿಸ್ಚಾರ್ಜ್ ಸಮ್ಮರಿ ತೋರಿಸಿದರೆ ಸಾಕಲ್ಲವಾ?

ಉತ್ತರ (ಫಾರ್ಮಸಿಸ್ಟ್):

ಸಾಲದು, ಚಾರ್ಟ್‌ನ ಝೆರಾಕ್ಸ್ ಕಡ್ಡಾಯ. ಸಮ್ಮರಿಯಲ್ಲಿ ಬರೀ ‘ಆರ್-ಚಾಪ್ ಒಂದನೇ ಸೈಕಲ್’ ಅಂತಲೋ ಔಷಧಿ ಹೆಸರಷ್ಟೋ ಬರೆದಿರುತ್ತಾರೆ, ಎಷ್ಟು ಎಂ.ಜಿ. ಹೋಯಿತು ಅಂತ ಚಾರ್ಟ್ ಮಾತ್ರ ಹೇಳುತ್ತದೆ. ಬೇರೆ ಔಷಧಿಗಳಿಗಿಂತ ಡಾಕ್ಸೋರುಬಿಸಿನ್‌ಗೆ ಇದು ಹೆಚ್ಚು ಮುಖ್ಯ, ಯಾಕೆಂದರೆ ಹೃದಯದ ಸ್ನಾಯುವಿಗೆ ಆಗುವ ಪೆಟ್ಟು ಸೈಕಲ್‌ನಿಂದ ಸೈಕಲ್‌ಗೆ ಕೂಡುತ್ತಾ ಹೋಗುತ್ತದೆ. ಜೀವಮಾನಕ್ಕೆ ಚದರ ಮೀಟರ್‌ಗೆ 450ರಿಂದ 550 ಎಂ.ಜಿ. ಒಳಗೆ ಇಡಬೇಕು ಅಂತ ಲೆಕ್ಕ. ವಯಸ್ಸಾದವರಿಗೆ, ಮೊದಲೇ ಹೃದ್ರೋಗ ಇದ್ದವರಿಗೆ, ಎದೆಗೆ ರೇಡಿಯೇಶನ್ ಆದವರಿಗೆ ಇನ್ನೂ ಕಡಿಮೆ. ಅಪ್ಪನಿಗೆ ಆರು ಸೈಕಲ್ ಪೂರ್ತಿ ಆದರೆ ಚದರ ಮೀಟರ್‌ಗೆ 300 ಎಂ.ಜಿ. ಆಗುತ್ತದೆ, ಮಿತಿಯೊಳಗೇ ಇದೆ. ಆದರೆ ಹತ್ತು ವರ್ಷ ಬಿಟ್ಟು ಬೇರೆ ಯಾವುದಕ್ಕೋ ಬೇರೆ ಊರಿನ ಡಾಕ್ಟರ್ ಎಪಿರುಬಿಸಿನ್ ಬರೆದರೆ ಈ 300 ಅವರಿಗೆ ಗೊತ್ತಿರಬೇಕು, ಹೆಸರಿನಲ್ಲಿ ‘ರುಬಿಸಿನ್’ ಇರುವುದೆಲ್ಲ ಇದೇ ಮನೆತನ, ಹೃದಯದ ಮಟ್ಟಿಗೆ ಎಲ್ಲವನ್ನೂ ಸೇರಿಸಿಯೇ ನೋಡುತ್ತಾರೆ. ಅದಕ್ಕೇ ಒಂದು ನೋಟ್‌ಬುಕ್ಕಿನಲ್ಲಿ ಪ್ರತಿ ಸೈಕಲ್‌ನ ತಾರೀಖು, ‘ಡಾಕ್ಸೋರುಬಿಸಿನ್’ ಅಂತ ಅಧಿಕೃತ ಹೆಸರು, ಎಂ.ಜಿ., ಅವತ್ತಿನ ತೂಕ ಬರೆದಿಡಿ. ಶುರು ಮಾಡುವ ಮುಂಚೆ ತೆಗೆದ ಎಕೋ (ಹೃದಯದ ಸ್ಕ್ಯಾನ್) ರಿಪೋರ್ಟನ್ನೂ ಅದೇ ಫೈಲಿಗೆ ಸೇರಿಸಿ, ಹೊಸ ಆಸ್ಪತ್ರೆಯವರು ಮೊದಲು ಕೇಳುವುದೇ ಅದನ್ನ.