1911ರ ‘ಹಂದಿ ರೂಪಾಯಿ’: ಅಸಲಿಯೇ? ಮುಂಬೈ ಟಂಕಸಾಲೆಯದೇ?

ಡೊಂಬಿವಲಿವಾಸಿ:
ಚೋರ್ ಬಜಾರಿನಲ್ಲಿ ಐದನೇ ಜಾರ್ಜನ 1911ರ ಬೆಳ್ಳಿ ರೂಪಾಯಿ ಒಂದಿದೆ. ‘ಹಂದಿ ರೂಪಾಯಿ, ಸರಕಾರವೇ ಕರಗಿಸಿಬಿಟ್ಟದ್ದು, ಎಲ್ಲೂ ಸಿಗೋದಿಲ್ಲ’ ಅಂತ ಭಾರೀ ಬೆಲೆ ಹೇಳುತ್ತಿದ್ದಾರೆ. ಸವೆದು ಕಪ್ಪಾಗಿದೆ. ಅಸಲಿ ಅಂತ ತಿಳಿಯೋದು ಹೇಗೆ? ಮುಂಬೈಯಲ್ಲೇ ಅಚ್ಚಾದದ್ದಕ್ಕೆ ಗುರುತಿದೆಯಾ? ದುಬೈಯಲ್ಲಿರುವ ಅಣ್ಣನಿಗೆ ಕಳಿಸೋ ಯೋಚನೆ.

ಹಳೇದುಡ್ಡು:
ಕರಗಿಸಿದ್ದು ನಿಜ, ಸಿಗೋದಿಲ್ಲ ಅನ್ನೋದು ವ್ಯಾಪಾರದ ಮಾತು. ಕಲ್ಕತ್ತ, ಮುಂಬೈ ಸೇರಿ ಸುಮಾರು 94 ಲಕ್ಷ ಅಚ್ಚಾಗಿ, ಅದರಲ್ಲಿ 7 ಲಕ್ಷದಷ್ಟು ನಾಣ್ಯ ಜನರ ಕೈ ಸೇರಿದವು. ರಾಜನ ನಿಲುವಂಗಿಯ ಸರದಲ್ಲಿ ಒಂದು ಪುಟ್ಟ ಆನೆಯಿದೆ. ಅದರ ಸೊಂಡಿಲು ಮೋಟು, ಬಾಲ ಗಿಡ್ಡ. ನೋಡಿದವರಿಗೆ ಹಂದಿ ಕಂಡಿತು. ಹಂದಿ ನಿಷಿದ್ಧವಾದ ಮುಸಲ್ಮಾನರಂತೂ ಸಿಟ್ಟಾದರು. ಉಳಿದ ರಾಶಿ ಕುಲುಮೆಗೆ ಹೋಯಿತು. 1912ರಲ್ಲಿ ಅಚ್ಚು ತಿದ್ದಿ, ಕಿವಿ ಸೊಂಡಿಲು ಎದ್ದು ಕಾಣುವ ಆನೆ ಬಂತು.

ಹಾಗಾಗಿ ಆನೆ, ಇಸವಿ ಎರಡೂ ತಾಳೆಯಾಗಬೇಕು. ಇಸವಿ 1911 ಇದ್ದು ಸೊಂಡಿಲು ನೀಳವಾಗಿ ಇಳಿದಿದ್ದರೆ 1917ರ 7 ಅಥವಾ 1914ರ 4 ಅನ್ನು ಕೆರೆದು 1 ಮಾಡಿದ್ದಾರೆ ಅನ್ನಿ. 10 ಪಟ್ಟು ಭೂತಗನ್ನಡಿಯಲ್ಲಿ ಕೊನೆಯ 1 ಅನ್ನು ಪಕ್ಕದ 1ರ ಜೊತೆ ಹೋಲಿಸಿ: ದಪ್ಪ, ಪಾದ, ಸುತ್ತಲಿನ ನೆಲ. ಕೆರೆದಲ್ಲಿ ನೆಲ ತುಸು ತಗ್ಗಿ ಬೇರೆ ಹೊಳಪು ಬಂದಿರುತ್ತೆ. ಸವೆದ 1919ರ ಆನೆಯೂ ಹಂದಿಯಂತೆಯೇ ಕಾಣುತ್ತೆ, ಬರೀ ಆನೆ ನೋಡಿ ದುಡ್ಡು ಎಣಿಸಬೇಡಿ.

ಮುಂಬೈಗೆ ಗುರುತು: ಇಸವಿ ಇರುವ ಮುಖದಲ್ಲಿ, ಅಡಿಯ ಕಮಲದ ಕೆಳಗೆ ಉಬ್ಬಿದ ಚುಕ್ಕೆ. ಚುಕ್ಕೆ ಇಲ್ಲದ್ದು ಕಲ್ಕತ್ತದ್ದು. ಗುಳಿ ಬಿದ್ದಿದ್ದರೆ ಅದು ಪೆಟ್ಟು, ಚುಕ್ಕೆಯಲ್ಲ.

ಡೊಂಬಿವಲಿವಾಸಿ:
ಉಬ್ಬಿದ ಚುಕ್ಕೆ ಇದೆ! ಅಂಗಡಿಯ ತಕ್ಕಡಿಯಲ್ಲಿ 11.42 ಗ್ರಾಂ ಬಂತು. ಕಮ್ಮಿಯಾಯ್ತಾ?

ತೂಕದಬೊಟ್ಟು:
ಹೊಸದರಲ್ಲಿ ಒಂದು ತೊಲ, ಅಂದರೆ 11.66 ಗ್ರಾಂ, ಬೆಳ್ಳಿ ಶೇ 91.7. ಸವೆದದ್ದಕ್ಕೆ 11.42 ಸರಿಯೇ. ಗೆರೆ ಚೂಪಾಗಿದ್ದೂ 11 ಬಂದಿದ್ದರೆ ಅನುಮಾನ ಪಡಬೇಕಿತ್ತು.

ನೀರಿನ ಪರೀಕ್ಷೆಯನ್ನೂ ಮಾಡಿಬಿಡಿ. 0.01 ಗ್ರಾಂ ತೋರಿಸುವ ತಕ್ಕಡಿ ಮೇಲೆ ನೀರಿನ ಲೋಟ ಇಟ್ಟು ಸೊನ್ನೆ ಮಾಡಿ. ನಾಣ್ಯವನ್ನು ತೆಳು ದಾರದಲ್ಲಿ ಪೂರ್ತಿ ಮುಳುಗಿಸಿ, ತಳ ತಾಗಬಾರದು. ನಿಮ್ಮದಕ್ಕೆ 1.11ರ ಆಸುಪಾಸು ಬರಬೇಕು (11.42 ಭಾಗಿಸು 1.11, ಸಾಂದ್ರತೆ 10.3). 1.3 ಬಂದರೆ ಗಿಲೀಟು ಮಾಲು. ಅಂಚಿನ ಗೀರುಗಳಲ್ಲಿ ಗಾಳಿಗುಳ್ಳೆ ಕೂತರೆ ಅಂಕಿ ಸುಮ್ಮನೆ ಏರುತ್ತೆ. ದಾರ ಅಲುಗಿಸಿ ಉದುರಿಸಿ.

ರಾಜನ ಕಿರೀಟದ ಮೇಲಿನ ಅಂಚನ್ನೂ ಬೆರಳಲ್ಲಿ ಸವರಿ ನೋಡಿ. ಸರಕ್ಕೆ ಪೋಣಿಸಿದ್ದರೆ ಕೊಂಡಿ ಕಿತ್ತ ಬೆಸುಗೆಯ ಗಂಟು ಅಲ್ಲೇ ಸಿಗುತ್ತೆ. ಅಸಲಿಯಾದರೂ ಬೆಲೆ ಬಿದ್ದುಹೋಗುತ್ತೆ.

ಹಳೇದುಡ್ಡು:
ಕಪ್ಪನ್ನು ಹುಣಸೆಹಣ್ಣು, ನಿಂಬೆ, ಹಲ್ಲುಪುಡಿಯಲ್ಲಿ ತಿಕ್ಕಬೇಡಿ. ಮೇಲ್ಮೈ ಒಮ್ಮೆ ಹೋದರೆ ಹೋಯ್ತು. ಹಸಿರು ಅಂಟು ಇದ್ದರೆ ಅದು ಪಿವಿಸಿ ಕವರಿನದು: ಶುದ್ಧ ಅಸಿಟೋನಿನಲ್ಲಿ, ಗಾಜಿನ ಬಟ್ಟಲಲ್ಲಿ, 10 ನಿಮಿಷ. ಕಿಟಕಿ ತೆರೆದಿರಲಿ, ಹತ್ತಿರ ಗ್ಯಾಸ್ ಒಲೆ ಉರಿಯಬಾರದು. ಇಲ್ಲಿನ ಮಳೆಗಾಲಕ್ಕೆ ಡಬ್ಬಿಯಲ್ಲಿ ಸಿಲಿಕಾ ಜೆಲ್ ಪೊಟ್ಟಣ ಇಡಿ.

ದುಬೈಗೆ ಮಾತ್ರ ಬೇಡ. ನೂರು ವರ್ಷ ದಾಟಿದ ನಾಣ್ಯ 1972ರ ಪುರಾವಸ್ತು ಕಾಯ್ದೆಯೊಳಗೆ ಬರುತ್ತೆ, ಖಾಸಗಿಯವರು ಹೊರದೇಶಕ್ಕೆ ಒಯ್ಯುವಂತಿಲ್ಲ. ಅಣ್ಣ ಊರಿಗೆ ಬಂದಾಗ ತೋರಿಸಿ.