‘ನಿಲ್ಲಿಸಿ’ ಅಂದ ಪ್ರೇಕ್ಷಕಿ

ಸುಮಾ: ಈ ವಿಡಿಯೊ ದಯವಿಟ್ಟು ಪೂರ್ತಿ ನೋಡಿ. ಪಶ್ಚಿಮ ಬಂಗಾಳದ ‘ಜನ ಸಂಸ್ಕೃತಿ’ ತಂಡದ ನಾಟಕ. ಹೆಣ್ಣು ನೋಡೋಕೆ ಬಂದವರು ಹುಡುಗಿಯನ್ನ ನಡೆಸ್ತಾರೆ, ಜಡೆ ಎಳೆದು ನೋಡ್ತಾರೆ, ಆಮೇಲೆ ವರದಕ್ಷಿಣೆ ಲೆಕ್ಕ. ಅಷ್ಟರಲ್ಲಿ ನೋಡ್ತಾ ಕೂತಿದ್ದ ಒಬ್ಬ ಹೆಂಗಸು ಎದ್ದು ‘ನಿಲ್ಲಿಸಿ’ ಅಂತಾಳೆ!

ಶ್ರೀನಿವಾಸ ಚಿಕ್ಕಪ್ಪ: ನೋಡಿದೆ. 1979ರಲ್ಲಿ ನಮ್ಮ ಕರ್ನಾಟಕದ ರಂಗತಂಡ ‘ಸಮುದಾಯ’ದವರ ಜಾಥಾ ಬಂದಾಗ ನಾವೂ ಬೀದಿನಾಟಕ ನೋಡಿ ಚಪ್ಪಾಳೆ ತಟ್ಟಿದವರೇ. ಮಾರನೇ ದಿನ ಊರು ಹಾಗೇ ಇತ್ತು. ವರದಕ್ಷಿಣೆ ನಿಷೇಧ ಕಾಯ್ದೆ 1961ರದ್ದು, ಗಂಡನ ಮನೆಯವರ ಕಿರುಕುಳಕ್ಕೆ ಶಿಕ್ಷೆ ಕೊಡೋ 498ಎ ಕಲಂ ಬಂದಿದ್ದು 1983ರಲ್ಲಿ. ನ್ಯಾಯ ಬೇಕಾದ್ರೆ ಕೋರ್ಟಿದೆ. ಕುಣಿದು ಹಾಡಿದ್ರೆ ಬರಲ್ಲ.

ಸುಮಾ: ಚಿಕ್ಕಪ್ಪ, ‘ಸಮುದಾಯ’ದ ಬಗ್ಗೆ ನನಗೂ ಗೌರವ ಇದೆ. ಆದರೆ ಅಲ್ಲಿ ಮಾತು ನಟರದ್ದು, ನಾವು ಕೇಳೋರು. ಇದು ಬೇರೆ. ಸಂಜಯ್ ಗಂಗೂಲಿ 1985ರಲ್ಲಿ ಈ ತಂಡ ಕಟ್ಟಿದ್ರು, ಸುಂದರಬನದ ಹಳ್ಳಿಗಳ ಕಡೆ. ನಟರಲ್ಲಿ ಕೂಲಿ ಮಾಡೋರೇ ಹೆಚ್ಚು. ಆಮೇಲೆ ಬ್ರೆಜಿಲ್‌ನ ನಾಟಕ ನಿರ್ದೇಶಕ ಆಗಸ್ಟೊ ಬೋಲ್ ಅವರ ‘ಫೋರಂ’ ಪದ್ಧತಿ ಹಿಡಿದರು. ನಾಟಕ ಒಂದು ಸಲ ಪೂರ್ತಿ ಆಡ್ತಾರೆ, ಕೊನೆಗೆ ಹುಡುಗಿಗೆ ಸೋಲೇ. ಮತ್ತೆ ಮೊದಲಿಂದ ಶುರು. ಈ ಸಲ ಯಾರು ಬೇಕಾದ್ರೂ ತಡೆದು, ಹುಡುಗಿಯ ಜಾಗಕ್ಕೆ ಬಂದು, ತಾವು ಏನು ಮಾಡ್ತಿದ್ವಿ ಅಂತ ಆಡಿ ತೋರಿಸಬಹುದು.

ವಿನಯ್: ನಾನಾಗಿದ್ರೆ ಗಂಡಿನ ಅಪ್ಪನ ಪಾತ್ರ ತಗೊಂಡು ‘ನಮಗೆ ಒಂದು ಪೈಸೆ ಬೇಡ’ ಅಂತಿದ್ದೆ ಅಕ್ಕ. ಮುಗೀತು.

ಸುಮಾ: ಅದಕ್ಕೆ ಅಲ್ಲಿ ಅವಕಾಶ ಇಲ್ಲ ವಿನಯ್. ದಬ್ಬಾಳಿಕೆ ಮಾಡೋನು ದಿಢೀರ್ ಅಂತ ಒಳ್ಳೆಯವನಾದ್ರೆ ಅವರು ಅದನ್ನ ‘ಮ್ಯಾಜಿಕ್’ ಅಂತಾರೆ. ಇದು ನಿಜವಾಗಿ ಆಗುತ್ತಾ ಅಂತ ಜನರನ್ನೇ ಕೇಳ್ತಾರೆ. ಬದಲಾಗಬೇಕಾದ್ದು ನೊಂದವರ ನಡೆ.

ಶ್ರೀನಿವಾಸ ಚಿಕ್ಕಪ್ಪ: ಆಡಿ ಹೋದ ಮೇಲೆ? ಜೀಪು ಹತ್ತಿ ಹೊರಟರೆ ಅಲ್ಲಿಗಾಯ್ತು.

ಸುಮಾ: ಹೋಗಲ್ಲ ಚಿಕ್ಕಪ್ಪ. ಅದೇ ಊರಿಗೆ ಅದೇ ನಾಟಕ ತಗೊಂಡು ಮತ್ತೆ ಮತ್ತೆ ಬರ್ತಾರೆ. ಹಾಗೆ ಎದ್ದು ನಿಂತ ಪ್ರೇಕ್ಷಕರೇ ಸೇರಿ ಹಳ್ಳಿಗಳಲ್ಲಿ ಸಮಿತಿ ಮಾಡಿಕೊಂಡಿದ್ದಾರೆ, ಸಾರಾಯಿ ವಿರುದ್ಧ ಹೋರಾಡಿದ್ದಾರೆ. ಇನ್ನು ಕಾನೂನು ಅಂದ್ರಲ್ಲ, ಬೋಲ್ 1993ರಿಂದ 96ರವರೆಗೆ ರಿಯೊ ನಗರಸಭೆ ಸದಸ್ಯರಾಗಿದ್ರು. ಜನ ನಾಟಕದಲ್ಲಿ ಹೇಳಿದ್ದನ್ನ ಹಿಡಿದು 13 ಕಾನೂನು ಮಾಡಿಸಿದ್ರು.

ಲಲಿತತ್ತೆ: ಸೀನಿ, ನನ್ನ ಮದುವೆ ಆಗಿದ್ದು 1974ರಲ್ಲಿ. ನಿನ್ನ ಕಾಯ್ದೆ ಇತ್ತಲ್ಲ. ನನ್ನನ್ನೂ ನಡೆಸಿದ್ರು, ಹಾಡಿಸಿದ್ರು, ಕಾಲು ಕುಂಟಾ ಅಂತ ಸೀರೆ ನೆರಿಗೆ ಎತ್ತಿಸಿ ನೋಡಿದ್ರು. ಒಳಗೆ ಕುದೀತಿತ್ತು. ಒಂದು ಮಾತು ಹೊರಡಲಿಲ್ಲ ಕಣೋ. ಯಾವ ಲಾಯರು ಬಂದು ಆಡ್ತಿದ್ದ ನನ್ನ ಪರವಾಗಿ?

ಶ್ರೀನಿವಾಸ ಚಿಕ್ಕಪ್ಪ: ಅಕ್ಕ, ನೆರಿಗೆ ವಿಷಯ ನನಗೆ ಗೊತ್ತೇ ಇರಲಿಲ್ಲ. ತುಂಬ ಬೇಜಾರಾಯ್ತು. ಆದರೂ ಕೇಳ್ತೀನಿ, ಹುಡುಗಿ ಎದುರು ಮಾತಾಡಿದ್ರೆ ಸಂಬಂಧ ಮುರಿಯುತ್ತೆ, ತಂಗಿಯರ ಮದುವೆಗೂ ಅಡ್ಡಿ ಅಂತ ಅಪ್ಪ ಹೇಳ್ತಾನೆ. ಅದಕ್ಕೇನು ಉತ್ತರ?

ಸುಮಾ: ವಿಡಿಯೊದಲ್ಲಿ ಅಪ್ಪನೂ ಇದನ್ನೇ ಹೇಳೋದು. ಅಲ್ಲಿಗೇ ಜನ ತಡೆದಿದ್ದು. ಅತ್ತೆ, ನೀವೇನಂತಿದ್ರಿ?

ಲಲಿತತ್ತೆ: ತಂಗಿಯ ಹೆಸರು ಹೇಳಿ ನನ್ನ ಬಾಯಿ ಮುಚ್ಚಿಸಬೇಡಿ, ಅವಳನ್ನೂ ಇಲ್ಲಿಗೆ ಕರೀರಿ ಅಂತಿದ್ದೆ.

ಶ್ರೀನಿವಾಸ ಚಿಕ್ಕಪ್ಪ: ಅವಳೂ ಹೆದರಿ ಅಪ್ಪನ ಮಾತೇ ಆಡಿದ್ರೆ? ಆಗ ತಾಯಿ ಬಾಯಿ ಬಿಡಬೇಕು. ಸುಮಾ, ಆ ತಾಯಿ ಜಾಗಕ್ಕೆ ಯಾರೂ ಬರಲಿಲ್ವಾ?